ರಂಗದ ಮೇಲೆ ಮನೆ ಕಟ್ಟುವವರು: ಎಂ. ಎಸ್. ಸತ್ಯು ಅವರ ವೃತ್ತಿಜೀವನದ ಸುತ್ತ ಕೆಲವು ವಿಚಾರಗಳು

(ಭೋಸರಿಯಲ್ಲಿ ಸಂಘದ ವಾರ್ಷಿಕ ನಾಟಕೋತ್ಸವದ ಅಂಗವಾಗಿ ನಡೆದ ವಿಚಾರಗೋಷ್ಠಿಯಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ನಾಟಕೋತ್ಸವದೊಡನೆ ನಡೆಯುವ ವಿಚಾರಗೋಷ್ಠಿಗಳಲ್ಲಿ ನಾಟಕಕಾರರನ್ನು ಕುರಿತು ಮಾತಾಗುವುದು ರೂಢಿ. ಅವರ ನಂತರ ನಿರ್ದೇಶಕರು, ಆ ಮೇಲೆ ನಟನಟಿಯರು. ರಂಗಸಜ್ಜಿಕೆಯನ್ನು ಕಲ್ಪಿಸಿ ಕಟ್ಟಿದವರ ಹೆಸರು ಕರಪತ್ರದ ಕೊನೆಯ ಸಾಲಿನಲ್ಲಿ, ಧ್ವನಿವರ್ಧಕದವರ ಹೆಸರಿನ ಪಕ್ಕದಲ್ಲಿ ಅಚ್ಚಾಗುತ್ತದೆ. ಈ ವರ್ಷ ಸಂಘವು ಆ ಕೊನೆಯ ಸಾಲನ್ನು ಕುರಿತು ಮಾತನಾಡುವಂತೆ ನನ್ನನ್ನು ಕೇಳಿದೆ. ಭೋಸರಿಯ ಕಾರ್ಖಾನೆಯೊಂದರ ಟೂಲ್ ರೂಮಿನಲ್ಲಿ ದುಡಿದು ನಿವೃತ್ತನಾದವನು ನಾನು. ಸಂಘದ ನಾಟಕಗಳಿಗೆ ಮರ, ಬಟ್ಟೆ, ಮೊಳೆಗಳನ್ನು ಹೊಂದಿಸಿಕೊಟ್ಟ ಅನುಭವವಷ್ಟೇ ಈ ಮಾತಿಗೆ ನನಗಿರುವ ಅರ್ಹತೆ.

ಈ ವಿಷಯ ನಮ್ಮ ಪಾಲಿಗೆ ಕೇವಲ ಕಲಾಚರ್ಚೆಯಾಗಿ ಉಳಿದಿಲ್ಲ. ಸಂಘದ ಕಾರ್ಯಕಾರಿ ಸಮಿತಿಯ ಮುಂದೆ ಎರಡು ಸಲಹೆಗಳಿರುವುದು ತಮಗೆ ತಿಳಿದಿದೆ. ರಂಗಸಜ್ಜಿಕೆಯನ್ನು ಕಟ್ಟುವ ಶ್ರಮವನ್ನು ಬಿಟ್ಟು, ರಂಗದ ಹಿಂಭಾಗದಲ್ಲಿ ಎಲ್‌ಇಡಿ ಪರದೆಯನ್ನು ಬಾಡಿಗೆಗೆ ತಂದು ನಿಲ್ಲಿಸೋಣ ಎಂಬುದು ಮೊದಲನೆಯದು. ನಮ್ಮ ಮಕ್ಕಳಿಗೆ ಕನ್ನಡದ ಸಂಭಾಷಣೆಯೇ ಬಾರದಿರುವಾಗ ವಾರ್ಷಿಕ ನಾಟಕವನ್ನು ನಿಲ್ಲಿಸಿ, ಆ ಸಂಜೆ ರಸಮಂಜರಿ ಕಾರ್ಯಕ್ರಮವನ್ನು ಇಟ್ಟುಕೊಳ್ಳೋಣ ಎಂಬುದು ಎರಡನೆಯದು. ಎರಡೂ ಸಲಹೆಗಳು ಸದುದ್ದೇಶದಿಂದಲೇ ಬಂದಿವೆ. ಆದರೆ ಇವೆರಡೂ ಒಂದೇ ತಿಳಿವಳಿಕೆಯಿಂದ ಹುಟ್ಟಿವೆ. ನಾಟಕವೆಂದರೆ ಮಾತು, ಉಳಿದದ್ದು ಅಲಂಕಾರ ಎಂಬ ತಿಳಿವಳಿಕೆ ಅದು. ಅದನ್ನು ಪರೀಕ್ಷಿಸಲು ಹೊರನಾಡಿನಲ್ಲೇ ಬದುಕನ್ನು ಕಟ್ಟಿಕೊಂಡ ಕನ್ನಡಿಗ ರಂಗವಿನ್ಯಾಸಕರೊಬ್ಬರ ವೃತ್ತಿಜೀವನವನ್ನು ತಮ್ಮ ಮುಂದಿಡಲು ಬಯಸುತ್ತೇನೆ. ಅವರು ಮೈಸೂರು ಶ್ರೀನಿವಾಸ ಸತ್ಯು. ‘ಗರಮ್ ಹವಾ’ ಚಿತ್ರದ ನಿರ್ದೇಶಕರೆಂದು ಅವರನ್ನು ಎಲ್ಲರೂ ಬಲ್ಲರು. ರಂಗಸಜ್ಜಿಕೆ ಮತ್ತು ಬೆಳಕಿನ ವಿನ್ಯಾಸ ಅವರ ಮೂಲ ವೃತ್ತಿಯೆಂಬುದು ಅಷ್ಟಾಗಿ ಪ್ರಚಾರದಲ್ಲಿಲ್ಲ.

ಸತ್ಯು ಅವರಲ್ಲಿಗೆ ಹೋಗುವ ಮೊದಲು, ನಾವು ನಿಂತಿರುವ ಈ ನೆಲದ ಮೇಲೆಯೇ ನಡೆದ ಒಂದು ಬದಲಾವಣೆಯನ್ನು ಗಮನಿಸಬೇಕು. ವಿಷ್ಣುದಾಸ ಭಾವೆಯವರು 1843ರಲ್ಲಿ ಸಾಂಗಲಿಯಲ್ಲಿ ‘ಸೀತಾ ಸ್ವಯಂವರ’ವನ್ನು ಆಡಿಸಿ ಮರಾಠಿ ರಂಗಭೂಮಿಗೆ ತಳಹದಿ ಹಾಕಿದರು. ಅದಕ್ಕೆ ಪ್ರೇರಣೆ ಕರ್ನಾಟಕದಿಂದ ಸಾಂಗಲಿಗೆ ಬಂದಿದ್ದ ಯಕ್ಷಗಾನ ಮೇಳವೆಂದು ಮರಾಠಿ ವಿದ್ವಾಂಸರೇ ಒಪ್ಪಿದ್ದಾರೆ. ಆ ಮೇಳಗಳಿಗೆ ದೃಶ್ಯಪರದೆಗಳು ಇರಲಿಲ್ಲ. ಇಬ್ಬರು ಹಿಡಿದು ನಿಲ್ಲುವ ಒಂದು ತೆರೆ, ದೀಪ, ಮಿಕ್ಕದ್ದೆಲ್ಲ ಭಾಗವತರ ಪದ್ಯ ಮತ್ತು ಪಾತ್ರಧಾರಿಯ ಹೆಜ್ಜೆ. ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ ಹುಟ್ಟಿದ ಅಣ್ಣಾಸಾಹೇಬ ಕಿರ್ಲೋಸ್ಕರರು 1880ರಲ್ಲಿ ಪುಣೆಯಲ್ಲಿ ‘ಸಂಗೀತ ಶಾಕುಂತಲ’ವನ್ನು ರಂಗಕ್ಕೆ ತಂದರು. ಅತ್ತ ಗುಬ್ಬಿ ಕಂಪನಿ 1884ರಲ್ಲಿ ಆರಂಭವಾಯಿತು. ಕೇಶವರಾವ್ ಭೋಸಲೆಯವರ ‘ಲಲಿತಕಲಾದರ್ಶ’ ಎಂಬ ಮರಾಠಿ ನಾಟಕ ಮಂಡಳಿ 1908ರಲ್ಲಿ ಸ್ಥಾಪನೆಯಾದದ್ದು ನಮ್ಮ ಹುಬ್ಬಳ್ಳಿಯಲ್ಲಿ. ಕಂಪನಿಗಳ ಈ ಕಾಲದಲ್ಲಿ ಬಣ್ಣ ಬರೆದ ಪರದೆಗಳೇ ರಂಗಸಜ್ಜಿಕೆಯಾಗಿದ್ದವು. ಅರಮನೆ, ಬೀದಿ, ಕಾಡು, ದೇವಸ್ಥಾನ: ಹೀಗೆ ಕೆಲವು ಪರದೆಗಳು ಕಂಪನಿಯ ಆಸ್ತಿ. ಯಾವ ನಾಟಕವಾದರೂ ಆ ಪರದೆಗಳ ಮುಂದೆಯೇ ನಡೆಯಬೇಕು. ಪ್ರೇಕ್ಷಕರು ಬೆರಗಾಗಬೇಕೆಂದರೆ ಪರದೆಯ ಜತೆಗೆ ಯಂತ್ರಗಳು, ಪ್ರಾಣಿಗಳು. ಗುಬ್ಬಿ ವೀರಣ್ಣನವರ ‘ಕುರುಕ್ಷೇತ್ರ’ದಲ್ಲಿ ಆನೆ ಕುದುರೆಗಳೇ ರಂಗಕ್ಕೆ ಬಂದವು.

ಇದೇ ಲಲಿತಕಲಾದರ್ಶವು 1922ರಲ್ಲಿ ಮಾಮಾ ವರೇರಕರರ ‘ಸತ್ತೇಚೇ ಗುಲಾಮ್’ ನಾಟಕವನ್ನು ಆಡಿದಾಗ ಪು. ಶ್ರೀ. ಕಾಳೆ ಎಂಬ ಚಿತ್ರಕಾರರು ರಂಗದ ಮೇಲೆ ಮೂರು ಗೋಡೆಗಳ ಕೋಣೆಯನ್ನು ನಿಲ್ಲಿಸಿದರು. ಮೇಲ್ನೋಟಕ್ಕೆ ಇದು ಸಣ್ಣ ಸುಧಾರಣೆ. ಆದರೆ ಇದರಿಂದ ಆದ ವ್ಯತ್ಯಾಸ ದೊಡ್ಡದು. ಪರದೆಯ ಕಾಲದಲ್ಲಿ ನಟನು ಚಿತ್ರದ ಮುಂದೆ ನಿಲ್ಲುತ್ತಾನೆ. ಕೋಣೆಯಾದಾಗ ಅವನು ಅದರ ಒಳಗೆ ಇರುತ್ತಾನೆ. ಬರೆದ ಬಾಗಿಲನ್ನು ಯಾರೂ ಮುಚ್ಚಲಾರರು. ಕಟ್ಟಿದ ಬಾಗಿಲನ್ನು ಒಬ್ಬಳು ಸೊಸೆ ಮುಚ್ಚಬಹುದು, ಒಬ್ಬ ಸಾಲಗಾರ ತಟ್ಟಬಹುದು, ಒಬ್ಬ ಮಗ ಅದರ ಹೊರಗೆ ನಿಂತು ಒಳಗೆ ಬರಲೋ ಬೇಡವೋ ಎಂದು ಯೋಚಿಸಬಹುದು. ಬಾಗಿಲು ಬಂದೊಡನೆ ಒಳಗಿನವರು ಯಾರು, ಹೊರಗಿನವರು ಯಾರು ಎಂಬ ಪ್ರಶ್ನೆಯೂ ರಂಗಕ್ಕೆ ಬಂದಿತು. ರಂಗಸಜ್ಜಿಕೆ ಸಾಮಾಜಿಕ ವಿಚಾರವಾದದ್ದು ಇಲ್ಲಿಂದ ಎಂದು ನನಗೆ ತೋರುತ್ತದೆ.

ಸತ್ಯು ಅವರ ಕಥೆಯನ್ನು ಈ ಹಿನ್ನೆಲೆಯಲ್ಲಿ ನೋಡಬೇಕು. ಅವರು ಹುಟ್ಟಿದ್ದು ಮೈಸೂರಿನಲ್ಲಿ, 1930ರ ಜುಲೈ 6ರಂದು. ಬಿ.ಎಸ್ಸಿ. ಓದುತ್ತಿದ್ದವರು ಪದವಿಯನ್ನು ಪೂರೈಸದೆ 1952ರಲ್ಲಿ ಮುಂಬಯಿಗೆ ಬಂದರು. ಮೊದಲು ಮಾಡಿದ್ದು ಚಲಿಸುವ ಚಿತ್ರಗಳನ್ನು ಬರೆಯುವ ಅನಿಮೇಷನ್ ಕೆಲಸ, ಅದೂ ಬಿಡಿ ಕೆಲಸವಾಗಿ. ಆ ಮೇಲೆ ಸುಮಾರು ನಾಲ್ಕು ವರ್ಷ ಕಾಯಂ ಉದ್ಯೋಗವಿಲ್ಲ. ಊರು ಬಿಟ್ಟು ಬಂದು ಕೆಲಸಕ್ಕಾಗಿ ಕಾದ ಆ ನಾಲ್ಕು ವರ್ಷಗಳ ಅರ್ಥವನ್ನು ಈ ಸಭೆಗೆ ನಾನು ವಿವರಿಸಬೇಕಾಗಿಲ್ಲ. ಅವರಿಗೆ ಮೊದಲ ಸಂಬಳ ಸಿಕ್ಕಿದ್ದು ಚೇತನ್ ಆನಂದರ ಬಳಿ ಸಹಾಯಕ ನಿರ್ದೇಶಕರಾಗಿ.

ಅವರ ರಂಗವಿನ್ಯಾಸದ ಕೈ ಪಳಗಿದ್ದು ದೆಹಲಿಯಲ್ಲಿ. ಬೇಗಂ ಕುದ್ಸಿಯಾ ಜೈದಿಯವರ ‘ಹಿಂದೂಸ್ತಾನಿ ಥಿಯೇಟರ್’, ಹಬೀಬ್ ತನ್ವೀರರ ‘ಓಖ್ಲಾ ಥಿಯೇಟರ್’, ದೆಹಲಿ ಕನ್ನಡಿಗರ ‘ಕನ್ನಡ ಭಾರತಿ’: ಈ ತಂಡಗಳ ನಾಟಕಗಳಿಗೆ ಅವರು ರಂಗಸಜ್ಜಿಕೆ ಮತ್ತು ಬೆಳಕು ಎರಡನ್ನೂ ವಿನ್ಯಾಸಗೊಳಿಸಿದರು. ಈ ಪಟ್ಟಿಯಲ್ಲಿ ಹೊರನಾಡ ಕನ್ನಡ ತಂಡವೊಂದರ ಹೆಸರಿರುವುದನ್ನು ತಾವು ಗಮನಿಸಬೇಕು. ಬಿಡುವಿನ ವೇಳೆಯಲ್ಲಿ ನಾಟಕ ಕಟ್ಟುವ ನಮ್ಮಂಥ ಹವ್ಯಾಸಿಗಳ ತಂಡವೂ ಒಬ್ಬ ದೊಡ್ಡ ವಿನ್ಯಾಸಕನಿಗೆ ಕಾರ್ಯಾಗಾರವಾಗಬಲ್ಲದು. ಅಂತೆಯೇ ಸತ್ಯು ಅವರು ಒಂದು ಕಡೆ ಉರ್ದು ಹಿಂದೂಸ್ತಾನಿ, ಇನ್ನೊಂದು ಕಡೆ ಕನ್ನಡ ಎಂಬ ಎರಡು ಭಾಷೆಗಳ ನಾಟಕಗಳಿಗೆ ಒಂದೇ ಕೈಯಿಂದ ಕೆಲಸ ಮಾಡಿದರು. ಅವರ ಕೈಗೆ ಅನುವಾದಕನ ಅಗತ್ಯವಿರಲಿಲ್ಲ.

ಸಜ್ಜಿಕೆ ಮತ್ತು ಬೆಳಕು ಒಬ್ಬರ ಕೈಯಲ್ಲಿಯೇ ಇರುವುದರಿಂದ ಒಂದು ಪ್ರಯೋಜನವಿದೆ. ಗೋಡೆಗೆ ಬಳಿಯುವ ಬಣ್ಣ ಹಗಲಿನಲ್ಲಿ ಒಂದು ರೀತಿ, ದೀಪದ ಕೆಳಗೆ ಇನ್ನೊಂದು ರೀತಿ ಕಾಣುತ್ತದೆ. ಬಿಳಿಯ ಗೋಡೆ ಬೆಳಕನ್ನು ಹಿಂದಕ್ಕೆ ಎಸೆದು ನಟನ ಮುಖವನ್ನು ಮಂಕಾಗಿಸುತ್ತದೆ; ಬೂದಿ, ಮಣ್ಣು, ಗೋಣಿತಟ್ಟಿನ ಬಣ್ಣಗಳು ಬೆಳಕನ್ನು ಹೀರಿ ಮುಖವನ್ನು ಮುಂದಕ್ಕೆ ತರುತ್ತವೆ. ಮೆಟ್ಟಿಲನ್ನು ಎಲ್ಲಿ ಇಡಬೇಕೆಂಬುದನ್ನು ದೀಪ ಎಲ್ಲಿ ತೂಗುತ್ತದೆ ಎಂಬುದೂ ನಿರ್ಧರಿಸುತ್ತದೆ. ಇವೆರಡನ್ನೂ ಬಲ್ಲವನು ಕಡಿಮೆ ಮರದಲ್ಲಿ ಹೆಚ್ಚು ಸ್ಥಳವನ್ನು ಸೃಷ್ಟಿಸುತ್ತಾನೆ. ಸ್ವಂತ ರಂಗಮಂದಿರವಿಲ್ಲದ, ಬಾಡಿಗೆಯ ಸಭಾಂಗಣದಲ್ಲಿ ಆಡುವ ತಂಡಕ್ಕೆ ಇದು ಬಹು ಮುಖ್ಯ.

ಭೋಸರಿಯ ಜನಕ್ಕೆ ರಂಗವಿನ್ಯಾಸಕನ ಕೆಲಸವನ್ನು ವಿವರಿಸುವುದು ಸುಲಭ. ನಾವು ಕಾರ್ಖಾನೆಯಲ್ಲಿ ಫಿಕ್ಸ್ಚರ್ ಮಾಡುತ್ತೇವೆ. ಒಂದು ಲೋಹದ ತುಂಡನ್ನು ಯಂತ್ರದ ಮುಂದೆ ಅಲುಗದಂತೆ, ಸರಿಯಾದ ಕೋನದಲ್ಲಿ ಹಿಡಿದಿಡುವ ಸಾಧನ ಅದು. ಸಿದ್ಧವಾಗಿ ಹೊರಬಿದ್ದ ಭಾಗದಲ್ಲಿ ಫಿಕ್ಸ್ಚರ್ ಎಲ್ಲಿಯೂ ಕಾಣುವುದಿಲ್ಲ. ಆದರೆ ಫಿಕ್ಸ್ಚರ್ ತಪ್ಪಿದರೆ ಭಾಗವೇ ತಪ್ಪುತ್ತದೆ. ರಂಗಸಜ್ಜಿಕೆಯೂ ಹಾಗೆಯೇ. ನಟನ ಕಾಲು ಎಲ್ಲಿ ಬೀಳಬೇಕು, ಅವನು ತಿರುಗಿದಾಗ ಯಾರು ಕಾಣಬೇಕು, ಯಾರು ಎತ್ತರದಲ್ಲಿದ್ದು ಯಾರು ತಗ್ಗಿನಲ್ಲಿರಬೇಕು ಎಂಬುದನ್ನು ಅದು ಹಿಡಿದಿಡುತ್ತದೆ.

ವಿನ್ಯಾಸಕನು ಮೊದಲು ಬರೆಯುವುದು ಸುಂದರವಾದ ಚಿತ್ರವನ್ನಲ್ಲ, ನೆಲನಕ್ಷೆಯನ್ನು. ಒಂದು ಅಡಿಗೆ ಅರ್ಧ ಅಂಗುಲದಂಥ ಅಳತೆಯಲ್ಲಿ ರಂಗದ ನೆಲವನ್ನು ಬರೆದು, ಮೊದಲ ಸಾಲಿನ ತುದಿಯ ಕುರ್ಚಿಯಿಂದ ಒಂದು ಗೆರೆ ಎಳೆಯುತ್ತಾನೆ. ಆ ಕುರ್ಚಿಯಲ್ಲಿ ಕುಳಿತವರಿಗೆ ಕಾಣದ ಮೂಲೆಯಲ್ಲಿ ಯಾವ ಮುಖ್ಯ ಘಟನೆಯೂ ನಡೆಯಬಾರದು. ಆ ಮೇಲೆ ರಟ್ಟಿನಲ್ಲಿ ಸಣ್ಣ ಮಾದರಿ. ಪ್ಲೈವುಡ್ಡಿನ ಹಲಗೆ ಸಾಮಾನ್ಯವಾಗಿ 8 ಅಡಿಗೆ 4 ಅಡಿಯದು. ಆದ್ದರಿಂದ ಕಟ್ಟೆಗಳ ಅಳತೆಯನ್ನು ಹಲಗೆ ಪೋಲಾಗದಂತೆ ನಿಶ್ಚಯಿಸಬೇಕು. ಮೆಟ್ಟಿಲಿನ ಎತ್ತರ 6–7 ಅಂಗುಲ ಮೀರಿದರೆ ಒಂಬತ್ತು ಗಜದ ಸೀರೆ ಉಟ್ಟ ನಟಿ ಮಾತನ್ನು ಮರೆತು ಕಾಲನ್ನು ನೋಡಿಕೊಳ್ಳುತ್ತಾಳೆ. ಗೋಡೆಯ ಚೌಕಟ್ಟುಗಳನ್ನು ಜೋಡಿಸುವ ಕೀಲುಗಳ ಕಡ್ಡಿಯನ್ನು ಎಳೆದೊಡನೆ ಅವು ಬಿಡಿಬಿಡಿಯಾಗಬೇಕು, ಟೆಂಪೋದಲ್ಲಿ ಒಂದರ ಮೇಲೊಂದು ಮಲಗಬೇಕು. ನೀನಾಸಂ ತಿರುಗಾಟ 1985ರಿಂದ ಊರೂರು ಸುತ್ತಲು ಸಾಧ್ಯವಾದದ್ದು, ಕಳಚಿ ಕಟ್ಟಬಲ್ಲ ಹಗುರವಾದ ಸಜ್ಜಿಕೆಯನ್ನು ನೆಚ್ಚಿಕೊಂಡದ್ದರಿಂದಲೂ ಹೌದು.

ಮುಂಬಯಿಯಲ್ಲಿ ಸತ್ಯು ಅವರ ರಂಗಕಾರ್ಯ 1943ರಲ್ಲಿ ಸ್ಥಾಪನೆಯಾದ ಇಪ್ಟಾದೊಡನೆ ಬೆರೆತುಹೋಯಿತು. ಜನರ ನಡುವೆ ನಾಟಕವನ್ನು ಒಯ್ಯುವ ಈ ಸಂಸ್ಥೆಗೆ ಅವರು ನಿರ್ದೇಶಿಸಿದ ‘ಬಕ್ರಿ’ ಪ್ರಸಿದ್ಧವಾಯಿತು. ಸರ್ವೇಶ್ವರ ದಯಾಲ್ ಸಕ್ಸೇನಾ ಬರೆದ ಆ ವಿಡಂಬನೆಯಲ್ಲಿ ಬಡವಳೊಬ್ಬಳ ಮೇಕೆಯನ್ನು ಗಾಂಧೀಜಿಯ ಮೇಕೆಯೆಂದು ಸಾರಿ ಪುಂಡರು ದೇಣಿಗೆ ಎತ್ತುತ್ತಾರೆ. ಅಲ್ಲಿ ನೋಟಕ್ಕೆ ಬೇಕಾದದ್ದು ಅರಮನೆಯಲ್ಲ. ಒಂದು ಬಡ ಪ್ರಾಣಿ ಪೂಜೆಯ ವಸ್ತುವಾಗಿ ಏರಿ ನಿಲ್ಲುವ ಎತ್ತರ. ವಿನ್ಯಾಸವೆಂದರೆ ವೆಚ್ಚವೆಂದು ತಿಳಿದವರಿಗೆ ಇಂಥ ನಾಟಕಗಳು ಉತ್ತರ ಹೇಳುತ್ತವೆ.

ಪುಣೆಯವರಾದ ನಮಗೆ ಇದಕ್ಕಿಂತ ಹತ್ತಿರದ ಉದಾಹರಣೆ ‘ಘಾಶೀರಾಮ ಕೋತವಾಲ’. 1972ರ ಡಿಸೆಂಬರಿನಲ್ಲಿ ಇಲ್ಲಿನ ಭರತ ನಾಟ್ಯ ಮಂದಿರದಲ್ಲಿ ಜಬ್ಬಾರ್ ಪಟೇಲರ ನಿರ್ದೇಶನದಲ್ಲಿ ಮೊದಲ ಪ್ರಯೋಗ ಕಂಡ ತೆಂಡೂಲಕರರ ಆ ನಾಟಕದಲ್ಲಿ, ಸಾಲಾಗಿ ನಿಂತು ಹಾಡುವ ಬ್ರಾಹ್ಮಣರೇ ಗೋಡೆ. ಅವರು ಬೆನ್ನು ತಿರುಗಿಸಿದರೆ ಮರೆ, ಬಾಗಿದರೆ ಬೀದಿ, ಚದುರಿದರೆ ಗಲಭೆ. ನೋಡಲೊಪ್ಪದ ಸಂಗತಿಯನ್ನು ಮರೆಮಾಡಲು ಸಮಾಜವೇ ಗೋಡೆಯಾಗಿ ನಿಲ್ಲುತ್ತದೆ ಎಂಬ ಅರ್ಥ ಆ ಸಾಲಿನಲ್ಲಿಯೇ ಇದೆ. ಅಲ್ಲಿ ಒಂದು ಹಲಗೆಯ ಖರ್ಚೂ ಇಲ್ಲದೆ ಗೋಡೆ ಎದ್ದಿದೆ. ಆದರೆ ಅದು ಶುದ್ಧ ರಂಗವಿನ್ಯಾಸವೇ. ಗಿರೀಶ ಕಾರ್ನಾಡರ ‘ಹಯವದನ’ದಲ್ಲಿ ಯಕ್ಷಗಾನದ ಅರ್ಧ ತೆರೆ ಮರಳಿ ಬಂದು ಕೆಲಸ ಮಾಡುವುದೂ ಇದೇ ಬಗೆಯದು.

ಚಲನಚಿತ್ರದಲ್ಲಿ ಸತ್ಯು ಅವರಿಗೆ ಹೆಸರು ಬಂದದ್ದು ಮೊದಲು ಕಲಾ ನಿರ್ದೇಶಕರಾಗಿ. ಚೇತನ್ ಆನಂದರ ‘ಹಕೀಕತ್’ (1964) ಚಿತ್ರಕ್ಕಾಗಿ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ದೊರೆಯಿತು. 1962ರ ಯುದ್ಧದ ಹಿನ್ನೆಲೆಯ, ಲಡಾಖಿನ ಬೆಟ್ಟಗಳ ನಡುವೆ ತೆಗೆದ ಚಿತ್ರದಲ್ಲಿ ಕಲಾ ನಿರ್ದೇಶಕನಿಗೇನು ಕೆಲಸ ಎಂದು ಕೇಳಬಹುದು. ಇರುವ ಸ್ಥಳಕ್ಕೂ ಕಟ್ಟಿದ ಸ್ಥಳಕ್ಕೂ ನಡುವಿನ ಹೊಲಿಗೆ ಕಾಣದಂತೆ ನೋಡಿಕೊಳ್ಳುವುದೇ ಆ ಕೆಲಸ. ಕನ್ನಡದಲ್ಲಿ ಇದಕ್ಕೆ ಎಲ್ಲರೂ ಬಲ್ಲ ನಿದರ್ಶನ ಶಂಕರ್ ನಾಗ್ ಅವರ ‘ಮಾಲ್ಗುಡಿ ಡೇಸ್’. ಕಲಾ ನಿರ್ದೇಶಕ ಜಾನ್ ದೇವರಾಜ್ ಮತ್ತು ಸಂಗಡಿಗರು ಆಗುಂಬೆಯನ್ನು ಮಾಲ್ಗುಡಿಯಾಗಿ ಮಾಡಿದರು. ನೋಡಿದವರು ಆಗುಂಬೆಯೇ ಮಾಲ್ಗುಡಿಯೆಂದು ನಂಬಿದರು.

ಸತ್ಯು ಅವರ ‘ಗರಮ್ ಹವಾ’ (1973) ಚಿತ್ರವನ್ನು ನಾನು ರಂಗವಿನ್ಯಾಸಕನ ಚಿತ್ರವೆಂದೇ ಕರೆಯುತ್ತೇನೆ. ಇಸ್ಮತ್ ಚುಗ್ತಾಯಿಯವರ ಕಥೆ. ಚಿತ್ರಕಥೆ ಕೈಫಿ ಆಜ್ಮಿ ಮತ್ತು ಸತ್ಯು ಅವರ ಪತ್ನಿ ಶಮಾ ಜೈದಿಯವರದು. ದೇಶ ವಿಭಜನೆಯ ನಂತರದ ಆಗ್ರಾ. ಪಾದರಕ್ಷೆ ತಯಾರಿಸುವ ಸಲೀಂ ಮಿರ್ಜಾ ತನ್ನ ಊರನ್ನು ಬಿಡಲೊಲ್ಲ. ಬಾಪು ಸತ್ತ ಮೇಲೂ ಈ ದೇಶ ತನ್ನದೇ ಎಂದು ನಂಬಿದವನು. ಆದರೆ ಹಿರಿಯರ ಹವೇಲಿ ಪಾಕಿಸ್ತಾನಕ್ಕೆ ಹೋದ ಅಣ್ಣನ ಹೆಸರಿನಲ್ಲಿದೆ. ಆದ್ದರಿಂದ ಅದು ಸರ್ಕಾರದ ವಶಕ್ಕೆ ಹೋಗಿ, ಅತ್ತಲಿಂದ ಬಂದ ಸಿಂಧಿ ವರ್ತಕನೊಬ್ಬನ ಪಾಲಾಗುತ್ತದೆ. ಮುದುಕಿ ತಾಯಿ ಮನೆ ಬಿಡಲು ಒಪ್ಪದೆ ಕಟ್ಟಿಗೆ ಒಟ್ಟುವ ಕತ್ತಲೆ ಮೂಲೆಯಲ್ಲಿ ಅಡಗಿ ಕೂರುತ್ತಾಳೆ. ಬಾಡಿಗೆಯ ಇಕ್ಕಟ್ಟಾದ ಮನೆಯಲ್ಲಿ ಅವಳ ಪ್ರಾಣ ಹೋಗದು. ಕೊನೆಗೆ ಪಲ್ಲಕ್ಕಿಯಲ್ಲಿ ಅವಳನ್ನು ಹಳೆಯ ಹವೇಲಿಗೆ ಹೊತ್ತು ತರುತ್ತಾರೆ. ಮದುವಣಗಿತ್ತಿಯಾಗಿ ಬಂದಿದ್ದ ಮನೆಯಲ್ಲಿಯೇ ಅವಳು ಕಣ್ಣು ಮುಚ್ಚುತ್ತಾಳೆ.

ವಿಭಜನೆಯನ್ನು ಕುರಿತ ಕಥೆಯೆಂದರೆ ಹೆಣ, ಬೆಂಕಿ, ರೈಲುಗಳನ್ನು ತೋರಿಸುವುದು ಸುಲಭದ ದಾರಿ. ಸತ್ಯು ಒಂದು ಮನೆಯ ನೆಲನಕ್ಷೆಯನ್ನು ಆಯ್ದುಕೊಂಡರು. ಅಂಗಳ, ಮೆಟ್ಟಿಲು, ಮಹಡಿ, ಕಟ್ಟಿಗೆಯ ಮೂಲೆ. ಆ ಮೇಲೆ ಅದರ ಪಕ್ಕದಲ್ಲಿ ಇಕ್ಕಟ್ಟಾದ ಇನ್ನೊಂದು ಮನೆ. ಒಂದು ಸಮುದಾಯದ ಪಾಡನ್ನು ಎರಡು ಮನೆಗಳ ಅಗಲದ ವ್ಯತ್ಯಾಸದಲ್ಲಿಯೇ ಅವರು ಹೇಳಿಬಿಟ್ಟರು. ಹಲವು ವರ್ಷ ನೆಲನಕ್ಷೆ ಬರೆದ ಕೈಗೆ ಮಾತ್ರ ಇದು ಹೊಳೆಯಬಲ್ಲದು.

ಆ ಚಿತ್ರಕ್ಕೆ ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ ಕೊಟ್ಟ ಸಾಲ 2.5 ಲಕ್ಷ ರೂಪಾಯಿ. ಆಗ್ರಾದ ನಿಜವಾದ ಹವೇಲಿಯಲ್ಲಿ ಚಿತ್ರೀಕರಣ. ವಸ್ತುವಿನ ಕಾರಣಕ್ಕೆ ಸ್ಥಳೀಯವಾಗಿ ಪ್ರತಿಭಟನೆ ಎದ್ದಾಗ, ಫಿಲ್ಮು ಹಾಕದ ಕ್ಯಾಮೆರಾವೊಂದನ್ನು ಕೊಟ್ಟು ಇನ್ನೊಂದು ತಂಡವನ್ನು ಬೇರೆ ಕಡೆಗೆ ಕಳುಹಿಸಿ, ಜನರ ಗಮನವನ್ನು ಅತ್ತ ಸೆಳೆದು, ಇತ್ತ ನಿಜವಾದ ಕೆಲಸವನ್ನು ಮುಗಿಸಿದರೆಂದು ಹೇಳುತ್ತಾರೆ. ಇದೂ ರಂಗಸಜ್ಜಿಕೆಯೇ ಅಲ್ಲವೆ? ಬಲರಾಜ್ ಸಾಹನಿಯವರಿಗೆ ಇದು ಕೊನೆಯ ದೊಡ್ಡ ಪಾತ್ರವಾಯಿತು. ಅವರು 1973ರ ಏಪ್ರಿಲಿನಲ್ಲಿ ತೀರಿಕೊಂಡರು. ಚಿತ್ರವು 1974ರ ಕಾನ್ ಉತ್ಸವದ ಸ್ಪರ್ಧೆಗೆ ಹೋಯಿತು, ರಾಷ್ಟ್ರೀಯ ಭಾವೈಕ್ಯದ ಪ್ರಶಸ್ತಿಯನ್ನು ಪಡೆಯಿತು. 1975ರಲ್ಲಿ ಸತ್ಯು ಅವರಿಗೆ ಪದ್ಮಶ್ರೀ ಸಂದಿತು.

ಇಷ್ಟಾದ ಮೇಲೆ ಅವರು ಕನ್ನಡಕ್ಕೆ ಬಂದು ‘ಕನ್ನೇಶ್ವರ ರಾಮ’ (1977), ‘ಚಿತೆಗೂ ಚಿಂತೆ’ (1978), ಅನಂತಮೂರ್ತಿಯವರ ಕಥೆಯನ್ನಾಧರಿಸಿದ ‘ಬರ’ ಮುಂತಾದ ಚಿತ್ರಗಳನ್ನು ಮಾಡಿದರು. ಬಹಳ ಕಾಲದ ನಂತರ 2010ರಲ್ಲಿ ‘ಇಜ್ಜೋಡು’ ಬಂದಿತು. ‘ಬರ’ದಲ್ಲಿ ಒಣಗಿದ ಜಿಲ್ಲೆಯೊಂದರ ನೆಲವೇ ಅಧಿಕಾರಿಯ ಕಚೇರಿಯ ಗೋಡೆಗಳನ್ನು ಅಣಕಿಸುತ್ತದೆ. ಹೊರನಾಡಿನಲ್ಲಿ ಕಲಿತ ಕೈ ಒಳನಾಡಿಗೆ ಮರಳಿ ಉಪಯೋಗವಾದದ್ದಕ್ಕೆ ಇದು ಸಾಕ್ಷಿ.

‘ಗರಮ್ ಹವಾ’ದ ಹಿನ್ನೆಲೆಯಲ್ಲಿ ನಮ್ಮ ಬಗ್ಗೆ ಒಂದು ಮಾತು ಹೇಳಬೇಕು. ನಾವು ಸಲೀಂ ಮಿರ್ಜಾನ ಪಾಡಿನವರೆಂದು ಹೇಳಿಕೊಳ್ಳುವುದು ಅತಿಶಯೋಕ್ತಿಯಾದೀತು. ನಮ್ಮಲ್ಲಿ ಬಹುಪಾಲು ಮಂದಿ ಅನ್ನವನ್ನು ಅರಸಿ ಬಂದವರು. ಈ ನಾಡು ನಮಗೆ ಅನ್ನ ಕೊಟ್ಟಿದೆ. ಗಡಿಯ ಮಾತು ಕಾವೇರಿದಾಗ ಕೆಲವು ದಿನ ಅಂಗಡಿಯ ಫಲಕವನ್ನೂ ಬಸ್ಸಿನ ಗಾಜನ್ನೂ ಕುರಿತು ಅಂಜಿಕೆಯಾಗುವುದುಂಟು. 1956ರ ರಾಜ್ಯ ಪುನರ್ವಿಂಗಡಣೆಯ ನಂತರ, 1967ರ ಮಹಾಜನ ವರದಿಯ ನಂತರವೂ ಆ ಗಾಯ ಪೂರ್ತಿ ಮಾಗಿಲ್ಲ. ಆದರೂ ಯಾರ ಮನೆ, ಯಾರು ಒಳಗೆ, ಯಾರು ಹೊರಗೆ ಎಂಬ ಪ್ರಶ್ನೆಯನ್ನು ಬೇರೆಯವರಿಗೆ ಕೇಳುವ ಮೊದಲು ನಮ್ಮ ಸಂಘಕ್ಕೇ ಕೇಳಿಕೊಳ್ಳಬೇಕಾಗಿದೆ.

ಪಿಂಪ್ರಿ, ಚಿಂಚವಡ, ಭೋಸರಿ, ಮೋಶಿಗಳಲ್ಲಿ ಏಳುತ್ತಿರುವ ಬಹುಮಹಡಿ ಕಟ್ಟಡಗಳನ್ನು ಕಟ್ಟುತ್ತಿರುವ ಕೈಗಳಲ್ಲಿ ಕಲಬುರಗಿ, ಯಾದಗಿರಿ, ವಿಜಯಪುರ, ಬೀದರ ಕಡೆಯ ಕೈಗಳು ಅನೇಕ. ಗವಂಡಿಗಳು, ಸೆಂಟ್ರಿಂಗ್ ಕೆಲಸದ ಬಡಿಗರು, ಕಬ್ಬಿಣ ಕಟ್ಟುವವರು, ಬುಟ್ಟಿ ಹೊರುವ ಹೆಣ್ಣುಮಕ್ಕಳು. ಅವರ ಪತ್ರಾ ಶೆಡ್ಡುಗಳಲ್ಲಿ ಕೇಳಿಬರುವಷ್ಟು ಸಲೀಸಾದ ಕನ್ನಡ ನಮ್ಮ ಸಭೆಯ ಸ್ವಾಗತ ಭಾಷಣದಲ್ಲಿಯೂ ಇರುವುದಿಲ್ಲ. ನಮ್ಮ ಸದಸ್ಯರ ಪಟ್ಟಿಯಲ್ಲಿ ಅವರು ಎಷ್ಟು ಮಂದಿ ಇದ್ದಾರೆಂದು ಪದಾಧಿಕಾರಿಗಳು ನೋಡಬೇಕು. ಮನೆ ಕಟ್ಟುವವರನ್ನು ಮನೆಯ ಹೊರಗೆ ನಿಲ್ಲಿಸುವ ಪದ್ಧತಿ ಲೋಕದಲ್ಲಿ ಹಳೆಯದು. ಕನ್ನಡದ ಹೆಸರಿನಲ್ಲಿ ಕಟ್ಟಿದ ಮನೆಯಲ್ಲಾದರೂ ಅದು ನಡೆಯಬಾರದು.

ಈಗ ಸಮಿತಿಯ ಮುಂದಿರುವ ಸಲಹೆಗಳಿಗೆ ಬರುತ್ತೇನೆ. ಎಲ್‌ಇಡಿ ಪರದೆಯನ್ನು ನಾನು ದ್ವೇಷಿಸುವವನಲ್ಲ. ಸನ್ಮಾನ ಸಮಾರಂಭಕ್ಕೆ, ಹಳೆಯ ಭಾವಚಿತ್ರಗಳನ್ನು ತೋರಿಸಲು ಅದು ಅನುಕೂಲ. ಆದರೆ ನಾಟಕಕ್ಕೆ ಅದನ್ನು ನಿಲ್ಲಿಸಿದರೆ ಕಂಪನಿಗಳ ಬಣ್ಣದ ಪರದೆಯ ಕಾಲಕ್ಕೆ ಹಿಂದಿರುಗಿದಂತೆ. ನಟನು ಮತ್ತೆ ಚಿತ್ರದ ಮುಂದೆ ನಿಲ್ಲುತ್ತಾನೆ. ಆ ಪರದೆಗಳನ್ನಾದರೂ ಒಬ್ಬ ಕಲಾವಿದ ನಮಗಾಗಿ ಬರೆಯುತ್ತಿದ್ದ. ಇದರ ಮೇಲೆ ಮೂಡುವುದು ಎಲ್ಲಿಂದಲೋ ಇಳಿಸಿಕೊಂಡ ಅರಮನೆ. ಜತೆಗೆ ಪರದೆಯ ಪ್ರಖರತೆಯಲ್ಲಿ ನಟನ ಮುಖ ಕಪ್ಪಾಗಿ ಹೋಗುತ್ತದೆ. ಆ ಬಾಡಿಗೆಯ ಹಣವನ್ನು ಪ್ಲೈವುಡ್ಡಿಗೂ ಬಿದಿರಿಗೂ ಹಾಕಿದರೆ ಕಟ್ಟೆಗಳು ಮುಂದಿನ ವರ್ಷಕ್ಕೂ ಉಳಿಯುತ್ತವೆ.

ಮಕ್ಕಳಿಗೆ ಸಂಭಾಷಣೆ ಬಾರದು ಎಂಬುದು ಇದಕ್ಕಿಂತ ಗಂಭೀರವಾದ ಮಾತು. ಮರಾಠಿ ಅಥವಾ ಇಂಗ್ಲಿಷ್ ಮಾಧ್ಯಮದಲ್ಲಿ ಓದುವ, ಅಜ್ಜಿಯೊಡನೆ ಮಾತ್ರ ಕನ್ನಡವಾಡುವ ಮಗುವಿಗೆ ಮೂರು ಪುಟದ ಮಾತನ್ನು ಬಾಯಿಪಾಠ ಮಾಡಿಸುವುದು ಶಿಕ್ಷೆಯೇ ಸರಿ. ಆ ಮಗುವಿಗೆ ನಾಟಕದಲ್ಲಿ ಬೇರೆ ಬಾಗಿಲು ತೆರೆಯಬೇಕು. ರಂಗದ ಮೇಲೆ ಒಂದು ಕನ್ನಡದ ಮನೆಯನ್ನು ಕಟ್ಟಲು ಅದಕ್ಕೆ ಅವಕಾಶ ಕೊಡಿ. ಕಟ್ಟುವಾಗ ಅದು ಕೇಳಿಯೇ ಕೇಳುತ್ತದೆ: ಪಡಸಾಲೆ ಎಂದರೇನು? ಜಗಲಿ ಮನೆಯ ಒಳಗೋ ಹೊರಗೋ? ಹೊಸಿಲನ್ನು ಏಕೆ ತುಳಿಯಬಾರದು? ಬೆಳಕಿಂಡಿ ಚಾವಣಿಯಲ್ಲಿ ಏಕಿದೆ? ತೊಲೆಯ ಮೇಲೆ ಜಂತಿ ಹೇಗೆ ಕೂರುತ್ತದೆ? ವಿಜಯಪುರದ ಮಣ್ಣಿನ ಮಾಳಿಗೆಗೂ ಮಲೆನಾಡಿನ ಹೆಂಚಿನ ಮನೆಗೂ ಏನು ಭೇದ? ಈ ಪ್ರಶ್ನೆಗಳಿಗೆ ಉತ್ತರ ಪುಸ್ತಕದಲ್ಲಿ ಸಿಕ್ಕೀತು. ಆದರೆ ಪತ್ರಾ ಶೆಡ್ಡಿನ ಗವಂಡಿಯೂ ಮೂರನೆಯ ಮಹಡಿಯ ಅಜ್ಜಿಯೂ ಹೇಳುವ ಉತ್ತರ ಮಗುವಿನ ನೆನಪಿನಲ್ಲಿ ಉಳಿಯುತ್ತದೆ. ಕೈಯಲ್ಲಿ ಹಿಡಿದ ವಸ್ತುವಿನ ಹೆಸರು ನಾಲಗೆಗೆ ಬೇಗ ಬರುತ್ತದೆ. ಕನ್ನಡದ ತರಗತಿಗೆ ಬಾರದ ಹುಡುಗ ಸುತ್ತಿಗೆ ಹಿಡಿಯಲು ಬರುವುದನ್ನು ನಾನು ಪ್ರತಿ ವರ್ಷ ನೋಡಿದ್ದೇನೆ.

ರಂಗಸಜ್ಜಿಕೆಯ ಇನ್ನೊಂದು ಸ್ವಭಾವವನ್ನು ಮರೆಯುವಂತಿಲ್ಲ. ನಾಟಕಕಾರನ ಪುಸ್ತಕ ಉಳಿಯುತ್ತದೆ. ನಟನ ಮಾತನ್ನು ಧ್ವನಿಮುದ್ರಿಸಬಹುದು. ಸಜ್ಜಿಕೆಯನ್ನು ಮಾತ್ರ ಆ ರಾತ್ರಿಯೇ ಕಳಚಬೇಕು, ಏಕೆಂದರೆ ಬೆಳಿಗ್ಗೆ ಸಭಾಂಗಣಕ್ಕೆ ಮದುವೆಯವರು ಬರುತ್ತಾರೆ. ಸತ್ಯು ಅವರ ಚಲನಚಿತ್ರಗಳನ್ನು ಇಂದು ನಾವು ನೋಡಬಲ್ಲೆವು. ‘ಗರಮ್ ಹವಾ’ 2014ರಲ್ಲಿ ಹೊಸದಾಗಿ ಸಂಸ್ಕರಣಗೊಂಡು ಮತ್ತೆ ತೆರೆಕಂಡಿತು. ದೆಹಲಿಯಲ್ಲಿ ಕನ್ನಡ ಭಾರತಿಗಾಗಿ ಅವರು ನಿಲ್ಲಿಸಿದ ಗೋಡೆಗಳನ್ನು ನೋಡುವ ಭಾಗ್ಯ ನಮಗಿಲ್ಲ. ಹೊರನಾಡಿನ ರಂಗಭೂಮಿಯ ಚರಿತ್ರೆಯಲ್ಲಿ ಅತ್ಯಂತ ಬೇಗ ಅಳಿಸಿಹೋಗುವ ಪುಟ ಇದು.

ಆದ್ದರಿಂದ ಸಮಿತಿಯ ಮುಂದೆ ಮೂರು ಬೇಡಿಕೆಗಳನ್ನು ಇಡುತ್ತೇನೆ. ವಾರ್ಷಿಕ ನಾಟಕ ನಿಲ್ಲದಿರಲಿ. ಅದಕ್ಕೆ ಮುಂಚಿನ ನಾಲ್ಕು ಭಾನುವಾರಗಳನ್ನು ರಂಗಸಜ್ಜಿಕೆಯ ಕಮ್ಮಟಕ್ಕೆ ಮೀಸಲಿಡೋಣ. ಆ ಕಮ್ಮಟದಲ್ಲಿ ಕಲಿಸುವವರಾಗಿ ಕಟ್ಟಡ ಕೆಲಸದ ನಮ್ಮ ಬಂಧುಗಳನ್ನು ಗೌರವಧನ ಕೊಟ್ಟು ಕರೆಯೋಣ. ಅವರ ಮಕ್ಕಳಿಗೂ ನಮ್ಮ ಮಕ್ಕಳಿಗೂ ಒಂದೇ ಸುತ್ತಿಗೆ, ಒಂದೇ ಚಹಾ. ಪ್ರತಿ ನಾಟಕದ ನೆಲನಕ್ಷೆ, ಅಳತೆ, ಛಾಯಾಚಿತ್ರ ಮತ್ತು ಕಟ್ಟಿದವರೆಲ್ಲರ ಹೆಸರುಗಳು ನಮ್ಮ ತ್ರೈಮಾಸಿಕದಲ್ಲಿ ಅಚ್ಚಾಗಲಿ. ಇದಕ್ಕೆ ಬೇಕಾದ ಗರಗಸ, ಕೊರೆಯುವ ಯಂತ್ರ, ಅಳತೆಪಟ್ಟಿ ಈ ಸಭೆಯಲ್ಲಿ ಕುಳಿತಿರುವವರ ಮನೆಗಳಲ್ಲಿಯೇ ಇವೆ. ಭೋಸರಿಯಲ್ಲಿ ಉಪಕರಣಕ್ಕೆ ಎಂದೂ ಬರವಿಲ್ಲ.

ಮುಂದಿನ ತಿಂಗಳು ಸಮಿತಿ ಸೇರುವಾಗ ಈ ವಿಷಯವನ್ನು ಕಾರ್ಯಸೂಚಿಯಲ್ಲಿ ಸೇರಿಸಬೇಕೆಂದು ಅಧ್ಯಕ್ಷರಲ್ಲಿ ವಿನಂತಿ. ಮೊದಲ ಭಾನುವಾರ ಯಾವುದೆಂದು ತಾವು ಗೊತ್ತುಪಡಿಸಿದರೆ, ಪ್ಲೈವುಡ್ ಅಳೆಯಲು ನಾನು ಬೆಳಿಗ್ಗೆ ಎಂಟಕ್ಕೆ ಬಂದಿರುತ್ತೇನೆ.